ಓಟ ಕಡಿಮೆ ಇರೋ ಸೆಂಟರ್ ಬ್ಯಾಕ್: ಐರ್ಲೆಂಡಿನ ಲೂಯಿಸ್ ಕ್ವಿನ್ ಆಟದಿಂದ ಏನು ಕಲಿಸಬಹುದು?

ಪಿಟಿಮೇಷ್ಟ್ರು_ದಾವಣಗೆರೆ
ಎಲ್ಲರಿಗೂ ನಮಸ್ಕಾರ. ನಮ್ಮದು ಹೈಸ್ಕೂಲ್ ಹುಡುಗಿಯರ ಫುಟ್‌ಬಾಲ್ ತಂಡ, 17ರ ಒಳಗಿನವರು. ಸೆಂಟರ್ ಬ್ಯಾಕ್ (ಗೋಲಿನ ಮುಂದೆ ನಡುವೆ ನಿಂತು ಕಾಯೋ) ಹುಡುಗಿ ಎತ್ತರ ಇದ್ದಾಳೆ, ಹೆಡ್ ಚೆನ್ನಾಗಿ ಮಾಡ್ತಾಳೆ, ಆದ್ರೆ ಓಟ ಸಾಲದು. ಬೆನ್ನ ಹಿಂದೆ ಚೆಂಡು ಬಿತ್ತು ಅಂದ್ರೆ ಗೋಲೇ. ಐರ್ಲೆಂಡ್ ಮಹಿಳಾ ತಂಡದ ಸೆಂಟರ್ ಬ್ಯಾಕ್ ಆಗಿದ್ದ ಲೂಯಿಸ್ ಕ್ವಿನ್ ಕೂಡ ಓಟಕ್ಕೆ ಹೆಸರಾದವರಲ್ಲ, ಆದರೂ ಐರ್ಲೆಂಡಿಗೆ ನೂರಕ್ಕೂ ಹೆಚ್ಚು ಪಂದ್ಯ ಆಡಿದರು. ಅದು ಹೇಗೆ? ಅವರ ಕೋಚ್ ಆಗಿದ್ದ ವೆರಾ ಪಾವ್ ಆಡಿಸ್ತಿದ್ದ ಐವರ ಡಿಫೆನ್ಸ್ ನಮ್ಮ ಮಕ್ಕಳಿಗೆ ಹೊಂದುತ್ತಾ?

ಎಡಗಾಲು
ಮೇಷ್ಟ್ರೇ, ಮೊದಲು ಆಕೆ ನಡೆದು ಬಂದ ದಾರಿ ನೋಡಿ. ವಿಕ್ಲೋ ಕೌಂಟಿಯ ಬ್ಲೆಸ್ಸಿಂಗ್ಟನ್ ಊರು, ಪೀಮೌಂಟ್ ಯುನೈಟೆಡ್ ಕ್ಲಬ್ಬು, 2008ರಲ್ಲಿ ದೇಶದ ತಂಡ. 2013ರಲ್ಲಿ ಸ್ವೀಡನ್ನಿನ ಎಸ್ಕಿಲ್‌ಸ್ಟೂನಾ ಕ್ಲಬ್ಬು. 2017ರಲ್ಲಿ ಇಂಗ್ಲೆಂಡಿನ ನಾಟ್ಸ್ ಕೌಂಟಿ ಕ್ಲಬ್ಬು ಸೇರಿದರೆ, ಲೀಗ್ ಶುರುವಾಗೋಕೆ ಎರಡೇ ದಿನ ಇರುವಾಗ ಆ ಮಹಿಳಾ ತಂಡವನ್ನೇ ಮುಚ್ಚಿಬಿಟ್ಟರು. ಅದೇ ವರ್ಷ ಆರ್ಸೆನಲ್‌ಗೆ ಹೋಗಿ, 2018-19ರಲ್ಲಿ ಲೀಗ್ ಗೆದ್ದ ತಂಡದಲ್ಲಿದ್ದರು. ಆಮೇಲೆ ಇಟಲಿಯ ಫಿಯೊರೆಂಟಿನಾ, ಮತ್ತೆ ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಮ್ ಸಿಟಿ. ಇಷ್ಟು ಕಡೆ ಬಾಳಿದ್ದು ಕಾಲಿನ ವೇಗದಿಂದಲ್ಲ, ಎಲ್ಲಿ ನಿಲ್ಲಬೇಕು ಅನ್ನೋ ಲೆಕ್ಕದಿಂದ.

ಅವರ ಪಂದ್ಯ ನೋಡುವಾಗ ಚೆಂಡು ಬಿಟ್ಟು ಅವರ ಪಾದ ನೋಡಿ. ಎರಡೂ ಪಾದ ಎದುರಾಳಿಗೆ ನೇರ ಇರಲ್ಲ, ಓರೆ ಇರುತ್ತೆ, ಅರ್ಧ ಮೈ ಆಗಲೇ ಸ್ವಂತ ಗೋಲಿನ ಕಡೆ ತಿರುಗಿರುತ್ತೆ. ನೇರ ನಿಂತವಳು ತಿರುಗಿ ಓಡೋಕೆ ಎರಡು ಮೂರು ಹೆಜ್ಜೆ ದಂಡ. ನಿಮ್ಮ ಹುಡುಗಿ ಸೋಲ್ತಿರೋದು ಬಹುಶಃ ಓಟದಲ್ಲಲ್ಲ, ಆ ತಿರುವಿನಲ್ಲಿ. ಎದುರಾಳಿ ತಲೆ ತಗ್ಗಿಸಿ ಕಾಲು ಹಿಂದಕ್ಕೆ ಎಳೆದಳೋ, ಉದ್ದ ಚೆಂಡು ಬರುತ್ತೆ ಅಂತಲೇ ಅರ್ಥ. ಕಾಲು ಚೆಂಡಿಗೆ ತಾಗೋ ಮೊದಲೇ ಇವಳು ನಾಲ್ಕು ಹೆಜ್ಜೆ ಹಿಂದೆ ಸರಿದಿರಬೇಕು. ಕಬಡ್ಡಿ ಆಡಿದ ಮಕ್ಕಳಿಗೆ ಇದನ್ನ ಬೇಗ ಹೇಳಿಕೊಡಬಹುದು: ರೈಡರ್ ಕೈ ನೋಡಬೇಡ, ಸೊಂಟ ನೋಡು ಅಂತೀವಲ್ಲ, ಅದೇ ಪಾಠ.

ದುರ್ಗದ_ಕಾವಲು
ಪಾವ್ ಸ್ವತಃ ಡಿಫೆಂಡರ್, ನೆದರ್‌ಲೆಂಡ್ಸ್‌ಗೆ 89 ಪಂದ್ಯ ಆಡಿದವರು. 2019ರಿಂದ 2023ರವರೆಗೆ ಐರ್ಲೆಂಡ್ ಅವರ ಕೈಲಿತ್ತು. ಮೂವರು ಸೆಂಟರ್ ಬ್ಯಾಕ್, ನಡುವೆ ಕ್ವಿನ್, ಅತ್ತಿತ್ತ ಅಂಚಿನಲ್ಲಿ ಮುಂದಕ್ಕೂ ಹಿಂದಕ್ಕೂ ಓಡೋ ಇಬ್ಬರು ವಿಂಗ್ ಬ್ಯಾಕ್, ಒಟ್ಟು ಐವರು. ನಡುವಿನವಳಿಗೆ ಅಗಲಕ್ಕೆ ಓಡೋ ಕೆಲಸವೇ ಇರಲ್ಲ, ಪಕ್ಕದವರು ಹೋಗ್ತಾರೆ, ಇವಳು ಗೋಲಿನ ಮುಂದಿನ ಬಾಕ್ಸ್ ಕಾಯ್ತಾಳೆ. ನಿಮ್ಮ ಹುಡುಗಿಗೆ ಹೇಳಿ ಮಾಡಿಸಿದ ಜಾಗ.

ಕಲಿಸೋಕೆ 20 ಮೀಟರ್ ಬಟ್ಟೆ ಒಣಹಾಕೋ ಹಗ್ಗ ಸಾಕು. ಮೂವರೂ ಕೈಯಲ್ಲಿ ಹಿಡೀಲಿ, ಒಬ್ಬೊಬ್ಬರ ನಡುವೆ 10 ಮೀಟರ್. ಸೊಂಟಕ್ಕೆ ಕಟ್ಟಬೇಡಿ, ಬಿದ್ದರೆ ಒಬ್ಬಳ ಹಿಂದೆ ಒಬ್ಬಳು ಬೀಳ್ತಾರೆ. ನೀವು ಚೆಂಡು ಹಿಡಿದು ಬಲಗೆರೆಯಿಂದ ಎಡಗೆರೆಗೆ ನಡೀರಿ, ಅವರು ಒಟ್ಟಿಗೆ ಸರೀಲಿ. ಹಗ್ಗ ನೆಲಕ್ಕೆ ತಾಗಿದರೆ ಗುಂಪು ಕಟ್ಟಿದ್ದಾರೆ, ಕೈಯಿಂದ ಕಿತ್ತುಕೊಂಡರೆ ಬಿರುಕು ಬಿಟ್ಟಿದೆ. ಚೆಂಡು ಹಿಂದಕ್ಕೆ ಹೋದಾಗ ಮೂವರೂ 5 ಮೀಟರ್ ಮುಂದೆ, ಕೂಗಬೇಕಾದವಳು ನಡುವಿನವಳೇ. ದಿನಾ ಹತ್ತು ನಿಮಿಷ ಮಾಡಿಸಿ, ಆಮೇಲೆ ಹಗ್ಗ ಬಿಡಿಸಿ ಅದನ್ನೇ ಆಡಿಸಿ.

ಬೆಣ್ಣೆನಗರಿ_ವಿಂಗರ್
ಹಗ್ಗದ ವಿಚಾರ ಒಪ್ಪಿದೆ, ಐವರ ಡಿಫೆನ್ಸ್ ಒಪ್ಪಲ್ಲ. 2023ರ ಮಹಿಳಾ ವಿಶ್ವಕಪ್‌ನಲ್ಲಿ ಐರ್ಲೆಂಡಿನ ಲೆಕ್ಕ ಹಾಕಿ. ಆಸ್ಟ್ರೇಲಿಯಾ ಎದುರು 0-1, ಕೆನಡಾ ಎದುರು 1-2, ನೈಜೀರಿಯಾ ಜೊತೆ 0-0. ಬಿಟ್ಟುಕೊಟ್ಟ ಮೂರು ಗೋಲಿನಲ್ಲಿ ಒಂದು ಪೆನಾಲ್ಟಿ, ಒಂದು ಐರ್ಲೆಂಡಿನವರೇ ಆದ ಮೇಗನ್ ಕೊನೊಲಿ ಕಾಲಿಗೆ ತಾಗಿ ಒಳಗೆ ಹೋದ ಸ್ವಂತ ಗೋಲು. ಅಂದ್ರೆ ಗೋಡೆ ಗಟ್ಟಿಯೇ ಇತ್ತು. ಆದ್ರೆ ಹೊಡೆದದ್ದು ಒಂದೇ, ಅದೂ ಕೇಟಿ ಮೆಕೇಬ್ ಕಾರ್ನರಿನಿಂದ ನೇರ ಬಿದ್ದದ್ದು. ವಿಂಗ್ ಬ್ಯಾಕ್ ಜಾಗದಲ್ಲಿ ಮೆಕೇಬ್‌ನಂಥವರು ಇದ್ದೂ ಈ ಕಥೆ. ನಮ್ಮ ಮಕ್ಕಳು 20 ನಿಮಿಷಕ್ಕೆ ಸುಸ್ತಾಗಿ ಐವರೂ ಬಾಕ್ಸ್ ಒಳಗೇ ಕೂತುಬಿಡ್ತಾರೆ, ಹೊರಗೆ ಒದ್ದ ಚೆಂಡು ಅಷ್ಟೇ ಬೇಗ ವಾಪಸ್ ಬರುತ್ತೆ. ನಾಲ್ವರನ್ನೇ ಇಡಿ, ಇವಳ ಪಕ್ಕ ಓಟಗಾರ್ತಿಯನ್ನ ನಿಲ್ಲಿಸಿ.

ಪಿಟಿಮೇಷ್ಟ್ರು_ದಾವಣಗೆರೆ
ನಾಲ್ವರೇ ಸರಿ ಅನ್ನಿಸ್ತಿದೆ, ಓಡೋ ಹುಡುಗಿ ಒಬ್ಬಳಿದ್ದಾಳೆ. ಇನ್ನೊಂದು ಕೇಳ್ತೀನಿ. ನೆಲ ಸಿಮೆಂಟಿನ ಹಾಗೆ ಗಟ್ಟಿ, ಚೆಂಡು ಒಂದು ಸಲ ಪುಟಿದರೆ ತಲೆ ಮೇಲಿಂದ ಹೋಗುತ್ತೆ. ಏನು ಮಾಡಲಿ?

ಎಡಗಾಲು
ಗಾಳಿ ಇಳಿಸಿ ಮೇಷ್ಟ್ರೇ. ನಿಯಮದಲ್ಲಿ 0.6ರಿಂದ 1.1 ಅಟ್ಮಾಸ್ಫಿಯರ್‌ವರೆಗೆ ಅವಕಾಶ ಇದೆ, ಗಟ್ಟಿ ನೆಲಕ್ಕೆ 0.6-0.7 ಸಾಕು. ಗೇಜ್ ಇರೋ ಪಂಪು ತಗೊಳ್ಳಿ, ಹೆಬ್ಬೆರಳಲ್ಲಿ ಒತ್ತಿ ನೋಡಿದರೆ ಲೆಕ್ಕ ಸಿಗಲ್ಲ. ಬಿಸಿಲಲ್ಲಿ ಇಟ್ಟ ಚೆಂಡಿನ ಒತ್ತಡ ಏರುತ್ತೆ, ಅದಕ್ಕೆ ನೆರಳಲ್ಲಿಟ್ಟು, ಆಟಕ್ಕೆ ಮುಂಚೆ ಅಳೀರಿ.

ಪುಟಿಯೋಕೆ ಬಿಡದೆ ಮುಂದೆ ಹೋಗಿ ಹೆಡ್ ಮಾಡೋದು ಕ್ವಿನ್ ಆಟದ ಜೀವ. ತಡ ಆಯ್ತು ಅನ್ನಿಸಿದರೆ ಮಾತ್ರ ಹಿಂದೆ ಸರಿದು ಎರಡನೇ ಪುಟಿತಕ್ಕೆ ಕಾಯಲಿ. ನಡುವೆ ನಿಂತರೆ ಕೆಟ್ಟಿತು. ಅಭ್ಯಾಸಕ್ಕೆ ಹಗುರ ಚೆಂಡು, 5 ಮೀಟರ್‌ನಿಂದ ಕೈಯಲ್ಲಿ ಎಸೆತ, ದಿನಕ್ಕೆ ಹತ್ತರ ಒಳಗೆ. ಹಣೆಗೇ ತಾಗಬೇಕು, ಬಾಯಿ ಮುಚ್ಚಿ ಕುತ್ತಿಗೆ ಬಿಗಿ ಹಿಡೀಲಿ. ತಲೆ ಸುತ್ತು ಅಂದರೆ ಅವತ್ತಿನ ಆಟ ಅಲ್ಲಿಗೇ ನಿಲ್ಲಿಸಿ, ವೈದ್ಯರಿಗೆ ತೋರಿಸಿ.

ದುರ್ಗದ_ಕಾವಲು
ಒಂದು ಬಿಟ್ಟುಹೋಯ್ತು. ಆ ಹುಡುಗಿ ಮುಂದೆ ಕೋಚ್ ಆಗೋ ಮನಸ್ಸು ಮಾಡಿದರೆ, ಐರ್ಲೆಂಡಿನಲ್ಲಿ ಯುಇಎಫ್ಎ (ಯುರೋಪಿನ ಫುಟ್‌ಬಾಲ್ ಒಕ್ಕೂಟ) ಕೋಚಿಂಗ್ ಲೈಸೆನ್ಸ್ ಬಿ, ಎ, ಪ್ರೊ ಅಂತ ಹತ್ತೋ ಹಾಗೆ ಇಲ್ಲಿ ಎಐಎಫ್ಎಫ್ (ಭಾರತದ ಫುಟ್‌ಬಾಲ್ ಒಕ್ಕೂಟ) ಲೈಸೆನ್ಸ್ ಡಿ, ಆಮೇಲೆ ಸಿ, ಬಿ, ಎ. ಸಾಮಾನ್ಯವಾಗಿ ಒಂದೊಂದೇ ಮೆಟ್ಟಿಲು ಹತ್ತಬೇಕು. ಕೆಎಸ್‌ಎಫ್‌ಎ (ಕರ್ನಾಟಕ ರಾಜ್ಯ ಫುಟ್‌ಬಾಲ್ ಸಂಸ್ಥೆ) ಪ್ರಕಟಣೆ ನೋಡ್ತಾ ಇರಿ. ಈಗಿಂದಲೇ ಹಗ್ಗದ ಅಭ್ಯಾಸ ಚಿಕ್ಕ ಮಕ್ಕಳಿಗೆ ಅವಳ ಕೈಲೇ ಮಾಡಿಸಿ, ಕೂಗಿ ಹೇಳೋ ಧೈರ್ಯ ಅಲ್ಲೇ ಬರುತ್ತೆ.