ಸಹಾಯ ಬೇಕು: ನೇಯ್ಗೆಗೆ ಕಂಡಿಕೆ ಸುತ್ತಿದ ಅಜ್ಜಿಯರ ಕೆಲಸದ ದಾಖಲೆ ಎಲ್ಲಿ ಸಿಗುತ್ತೆ?

ನಮಸ್ಕಾರ ರೀ. ನಮ್ಮದು ಗದಗದ ಬೆಟಗೇರಿ. ಅಜ್ಜ ಗುಂಡಿ ಮಗ್ಗದಲ್ಲಿ (ಕಾಲು ಗುಂಡಿಗೆ ಇಳಿಬಿಟ್ಟು ಕೂತು ನೇಯುವ ಮಗ್ಗ) ಸೀರೆ ನೇಯುತ್ತಿದ್ದರು. ನೂಲಿಗೆ ಗಂಜಿ ಹಾಕುವುದು, ಹೊಕ್ಕಿನ (ಅಡ್ಡ ಎಳೆಯ) ನೂಲನ್ನು ರಾಟಿಯಲ್ಲಿ ಕಂಡಿಕೆಗೆ, ಅಂದರೆ ಲಾಳಿಯೊಳಗೆ ಇಡುವ ಸಣ್ಣ ಕೊಳವೆಗೆ, ಸುತ್ತುವುದು, ಹರಿದ ಎಳೆ ಗಂಟು ಹಾಕುವುದು ಎಲ್ಲಾ ಅಜ್ಜಿಯ ಕೆಲಸ, ಕಂಡಿಕೆ ಇಲ್ಲದೆ ಲಾಳಿ ಓಡಲ್ಲ ಅಲ್ವಾ, ಆದರೆ ಮನೆಯಲ್ಲಿ ಸಿಕ್ಕ ಹಳೇ ಕೂಲಿ ಪುಸ್ತಕದಲ್ಲಿ ಬರೀ ಅಜ್ಜನ ಹೆಸರು. ಸಿಟ್ಟೇ ಬಂತು. ಅದಕ್ಕೇ ಇಂಥ ಹೆಂಗಸರ ಕೆಲಸದ ದಾಖಲೆ ಹುಡುಕುತ್ತಿದ್ದೇನೆ.

ಹುಬ್ಬಳ್ಳಿಯ ಬೆಂಗೇರಿಯಲ್ಲಿ ರಾಷ್ಟ್ರಧ್ವಜ ತಯಾರಿಸುವ ಖಾದಿ ಸಂಘ 1957ರದ್ದು, ಅಲ್ಲಿ ದುಡಿಯುವವರಲ್ಲಿ ಹೆಂಗಸರೇ ಜಾಸ್ತಿ. ಅಲ್ಲಿಗೂ ಹೋಗಿ ಕೇಳುತ್ತೇನೆ.

ನಿಮ್ಮ ಮನೆಯಲ್ಲಿ ಬಟ್ಟೆ ಗಿರಣಿಯ ಹಾಜರಿ ಚೀಟಿ, ಹೆಂಗಸರ ಹೆಸರಿರುವ ಕೂಲಿ ಪುಸ್ತಕ, ರಾಟಿ ಮುಂದೆ ಕೂತ ಫೋಟೋ ಇದ್ದರೆ ತಿಳಿಸಿ. ನೂಲು ಸುತ್ತಿದ ಹಿರಿಯರು ಮಾತಾಡಲು ಒಪ್ಪಿದರೆ ಇನ್ನೂ ಒಳ್ಳೇದು, ಗದಗ, ಹುಬ್ಬಳ್ಳಿ ಎಲ್ಲಿದ್ದರೂ ನಾನೇ ಬರುತ್ತೇನೆ.