ಶಂಕರ್ ನಾಗ್: ಕಿರುತೆರೆಯಲ್ಲೇ ಗಟ್ಟಿಯಾದ ನಿರ್ದೇಶಕರೇ?

ಚಿತ್ರಾಸಕ್ತ:
ಶಂಕರ್ ನಾಗ್ ಅವರ ಬಹುಮುಖತೆಯನ್ನು ಹೊಗಳುವ ಭರದಲ್ಲಿ ನಾವು ಅವರ ನಿರ್ದೇಶನವನ್ನು ಸರಿಯಾಗಿ ತೂಗಿಯೇ ನೋಡಿಲ್ಲ. ನನ್ನ ದೃಷ್ಟಿಯಲ್ಲಿ ಅವರ ಶ್ರೇಷ್ಠ ಕೃತಿ 1980ರ ದಶಕದಲ್ಲಿ ದೂರದರ್ಶನದಲ್ಲಿ ಪ್ರಸಾರವಾದ ‘ಮಾಲ್ಗುಡಿ ಡೇಸ್’ ಧಾರಾವಾಹಿ; ಆರ್.ಕೆ. ನಾರಾಯಣ್ ಅವರ ಕಾಲ್ಪನಿಕ ಊರು ಮಾಲ್ಗುಡಿಯ ಕಥೆಗಳವು. ಸಿನಿಮಾಗಳಲ್ಲಿ ‘ಮಿಂಚಿನ ಓಟ’ (1980) ಮತ್ತು ‘ಆಕ್ಸಿಡೆಂಟ್’ ಬಿಟ್ಟರೆ ಉಳಿದವು ಆ ಮಟ್ಟಕ್ಕೆ ಏರಲಿಲ್ಲ. ರಂಗಭೂಮಿ, ನಟನೆ, ರೆಕಾರ್ಡಿಂಗ್ ಸ್ಟುಡಿಯೊ ಎಂದು ಹಲವು ಕಡೆ ಹಂಚಿಹೋದ ಶಕ್ತಿಗೆ ಅವರು ತೆತ್ತ ಬೆಲೆ ಇದೆಂದು ನನಗನಿಸುತ್ತದೆ.

ತುಂಗಾತೀರ:
ಚಿತ್ರಾಸಕ್ತ ಅವರೇ, ಹಂಚಿಹೋಯಿತು ಎನ್ನುವುದನ್ನು ಒಪ್ಪಲಾರೆ. ಆ ಧಾರಾವಾಹಿ ನಿಂತಿರುವುದೇ ಅವರು ಬೇರೆಡೆ ಕಲಿತ ವಿದ್ಯೆಗಳ ಮೇಲೆ. ‘ಸಂಕೇತ್’ ತಂಡದ ನಾಟಕಗಳಲ್ಲಿ ಪಳಗಿದ್ದರಿಂದಲೇ ಒಂದೆರಡು ದೃಶ್ಯಗಳಿಗಷ್ಟೇ ಬಂದುಹೋಗುವ ಅಂಗಡಿಯವನಿಗೂ ಮೇಷ್ಟರಿಗೂ ಅವರು ಒಂದು ವ್ಯಕ್ತಿತ್ವ ಕೊಡಬಲ್ಲವರಾಗಿದ್ದರು. ಊರನ್ನು ಕಟ್ಟಿದ ಬಗೆಯನ್ನೇ ಗಮನಿಸಿ. ಮಾಲ್ಗುಡಿಯಾಗಿ ತೆರೆಯ ಮೇಲೆ ಬಂದ ಮಲೆನಾಡಿನ ಆಗುಂಬೆಗೆ ರೈಲು ಇಲ್ಲ. ರೈಲು ನಿಲ್ದಾಣವಿಲ್ಲದೆ ಮಾಲ್ಗುಡಿಯೂ ಇಲ್ಲ. ಹಾಗಾಗಿ ನಿಲ್ದಾಣದ ದೃಶ್ಯಗಳನ್ನು ಶಿವಮೊಗ್ಗ–ತಾಳಗುಪ್ಪ ಮಾರ್ಗದ ಅರಸಾಳಿನಲ್ಲಿ ಚಿತ್ರೀಕರಿಸಿದರು. ಒಂದಕ್ಕೊಂದು ಬಹಳ ದೂರವಿರುವ ಈ ಎರಡು ಸ್ಥಳಗಳು ತೆರೆಯ ಮೇಲೆ ಎಲ್ಲಿಯೂ ಬೆಸುಗೆ ಕಾಣದಂತೆ ಒಂದೇ ಊರಾಗಿಬಿಡುತ್ತವೆ. ಕಥೆಯ ಹುಡುಗ ಸ್ವಾಮಿಯಾಗಿ ಮಾಸ್ಟರ್ ಮಂಜುನಾಥ್, ಅವನ ತಂದೆಯಾಗಿ ಗಿರೀಶ್ ಕಾರ್ನಾಡ್; ಆ ಮನೆಯಲ್ಲಿ ಮಾತಿಗಿಂತ ಅಂಜಿಕೆಯೇ ಮುಂದೆ ನಿಂತು ಕಥೆ ಹೇಳುತ್ತದೆ. ಮೈಸೂರಿನಲ್ಲಿ ಬಾಳಿದ ಆರ್.ಕೆ. ನಾರಾಯಣ್ ಇಂಗ್ಲಿಷಿನಲ್ಲಿ ಬರೆದ ಕಥೆಗಳು ಹಿಂದಿಯಲ್ಲಿ ಮಾತನಾಡಿದರೂ ಅಲ್ಲಿನ ಮಳೆ, ಜಗುಲಿ, ಮುಖಗಳೆಲ್ಲ ನಮ್ಮ ಮಲೆನಾಡಿನವೇ.

ರಂಗಮಿತ್ರ:
ಇಬ್ಬರೂ ಒಂದು ಅಂಶವನ್ನು ಕೈಬಿಟ್ಟಿದ್ದೀರಿ. ಧಾರಾವಾಹಿಯಲ್ಲಿ ಬಿಡಿಕಥೆಗೆ ಒಂದು ಕಂತು ಸಾಕು. ಹಾಡು, ಹೊಡೆದಾಟ, ವಿತರಕರ ಬೇಡಿಕೆ ಯಾವುದೂ ಅಲ್ಲಿಗೆ ಬರುವುದಿಲ್ಲ. ಈ ಸ್ವಾತಂತ್ರ್ಯ ಚಿತ್ರರಂಗದಲ್ಲಿ ಅವರಿಗೆ ಸುಲಭವಾಗಿ ದಕ್ಕಲಿಲ್ಲ. ದಕ್ಕಿದಾಗ ಏನಾಯಿತು ಎಂಬುದಕ್ಕೆ ‘ಆಕ್ಸಿಡೆಂಟ್’ ಸಾಕ್ಷಿ: ಪಾದಚಾರಿ ಮಾರ್ಗದಲ್ಲಿ ಮಲಗಿದ್ದ ಬಡವರ ಮೇಲೆ ಕಾರು ಹರಿಸಿದ ಪ್ರಭಾವಿ ರಾಜಕಾರಣಿಯ ಮಗನನ್ನು ಉಳಿಸಲು ಅಧಿಕಾರ ಹೇಗೆ ಸದ್ದಿಲ್ಲದೆ ಕೆಲಸ ಮಾಡುತ್ತದೆ ಎಂಬುದನ್ನು ಅಬ್ಬರವಿಲ್ಲದೆ ತೋರಿಸಿದ ಈ ಚಿತ್ರಕ್ಕೆ ರಾಷ್ಟ್ರಪ್ರಶಸ್ತಿಯೂ ಬಂತು. ಆದ್ದರಿಂದ ಕಿರುತೆರೆಯ ಶಂಕರ್, ಹಿರಿತೆರೆಯ ಶಂಕರ್ ಎಂದು ಇಬ್ಬರನ್ನು ಕಲ್ಪಿಸಿಕೊಳ್ಳುವುದು ಸರಿಯಲ್ಲ.

ಚಿತ್ರಾಸಕ್ತ:
ರಂಗಮಿತ್ರ ಅವರ ವಾದದಲ್ಲಿ ಹುರುಳಿದೆ. ಆದರೂ ಎಲ್ಲ ಕೊರತೆಗಳನ್ನೂ ವಿತರಕರ ತಲೆಗೆ ಕಟ್ಟಲಾಗದು. ಡಾ. ರಾಜ್‌ಕುಮಾರ್ ಅವರಂಥ ನಟರಿದ್ದ ‘ಒಂದು ಮುತ್ತಿನ ಕಥೆ’ಯಲ್ಲಿ (1987) ಸಮುದ್ರದಾಳದ ಚಿತ್ರೀಕರಣದ ಸಾಹಸ ಮೆಚ್ಚುವಂಥದ್ದು, ಆದರೆ ಕಥೆಯ ಬಿಗಿ ಅದಕ್ಕೆ ಸಮನಾಗಿಲ್ಲ. 1990ರ ಸೆಪ್ಟೆಂಬರ್ 30ರಂದು, 35ರ ಪ್ರಾಯದಲ್ಲಿ, ದಾವಣಗೆರೆ ಬಳಿಯ ಅಪಘಾತದಲ್ಲಿ ಅವರನ್ನು ಕಳೆದುಕೊಂಡ ದುಃಖ ನನಗೂ ಇದೆ. ಆದರೆ ಆ ದುಃಖ ವಿಮರ್ಶೆಯ ಬಾಯಿ ಕಟ್ಟಬಾರದು.

ತುಂಗಾತೀರ:
ಖಂಡಿತ ಕಟ್ಟಬಾರದು. ಆದರೆ ಲೆಕ್ಕ ಹಾಕುವಾಗ ನಿರ್ದೇಶಕರಾಗಿ ಅವರಿಗೆ ಸಿಕ್ಕಿದ್ದು ಸುಮಾರು ಹತ್ತೇ ವರ್ಷ ಎಂಬುದೂ ಸೇರಬೇಕು. ಆ ಹತ್ತು ವರ್ಷಗಳಲ್ಲಿ ‘ಗೀತಾ’ದಂಥ ಪ್ರೇಮಕಥೆ, ‘ಆಕ್ಸಿಡೆಂಟ್’ನಂಥ ರಾಜಕೀಯ ಚಿತ್ರ, ‘ಮಾಲ್ಗುಡಿ ಡೇಸ್’ನಂಥ ಧಾರಾವಾಹಿ ಮೂರನ್ನೂ ಕೊಟ್ಟ ಮತ್ತೊಬ್ಬ ಕನ್ನಡ ನಿರ್ದೇಶಕರನ್ನು ನೀವು ಹೆಸರಿಸಿದರೆ, ಹೋಲಿಸಿ ಚರ್ಚಿಸಲು ನಾನು ಸಿದ್ಧ.