ಮಂತ್ರಲಿಪಿ ಹೊಮ್ಮಿಸುವ ಶಕ್ತಿ: ಕಾದಂಬರಿಗೆ ನಂಬುವಂಥ ವಿಜ್ಞಾನ ಕಟ್ಟುವುದು ಹೇಗೆ?

ಪ್ರಶ್ನೆ (ಕಥೆಕಟ್ಟು):
ಪ್ರಾಚೀನ ಈಜಿಪ್ಟಿನ ಮಂತ್ರಲಿಪಿಗಳಿಂದ ಶಕ್ತಿ ಹೊಮ್ಮುತ್ತದೆ, ಅದನ್ನು ಅಳೆಯುವ ಶಾಸ್ತ್ರವೊಂದಿದೆ. ನನ್ನ ಕಾದಂಬರಿ ನಿಂತಿರುವುದು ಈ ಕಲ್ಪನೆಯ ಮೇಲೆ. ‘ನಿಗೂಢ ಕಂಪನ’ ಎಂದು ಬರೆದು ಜಾರಿಕೊಳ್ಳಲು ಇಷ್ಟವಿಲ್ಲ. ಉಪಕರಣ, ಅಳತೆ, ಎಡವುವ ಜಾಗ ಎಲ್ಲ ಬೇಕು. ಎಲ್ಲಿಂದ ಶುರುಮಾಡಲಿ?

ನೀಲಿಪುಡಿ:
ಹೊಸ ಕಿರಣ ಹುಟ್ಟಿಸಬೇಕಿಲ್ಲ. ಪ್ರಾಚೀನ ಈಜಿಪ್ಟಿನವರ ನೀಲಿ ಬಣ್ಣವೇ ಬೆಳಕು ಸೂಸುತ್ತದೆ. ಮರಳು, ಸುಣ್ಣ, ತಾಮ್ರ, ಒಂದಿಷ್ಟು ಕ್ಷಾರ ಬೆರೆಸಿ 850ರಿಂದ 1000 ಡಿಗ್ರಿ ಸೆಲ್ಸಿಯಸ್‌ನಲ್ಲಿ ಸುಟ್ಟರೆ ಸಿಗುವ ಕ್ಯಾಲ್ಸಿಯಂ ತಾಮ್ರ ಸಿಲಿಕೇಟ್ ಅದು. ಕೆಂಪು ಬೆಳಕು ಬಿದ್ದರೆ 910 ನ್ಯಾನೋಮೀಟರ್ ತರಂಗಾಂತರದ ಆಸುಪಾಸಿನಲ್ಲಿ ಅವಕೆಂಪು (ಇನ್‌ಫ್ರಾರೆಡ್) ಬೆಳಕು ಹೊರಬರುತ್ತದೆ. ಕಣ್ಣಿಗೆ ಕಾಣದು.

ಹಿಡಿಯುವ ಬಗೆ: ಸೆನ್ಸರಿನ ಮುಂದಿನ ಅವಕೆಂಪು ತಡೆ ಫಿಲ್ಟರ್ ತೆಗೆಸಿದ ಕ್ಯಾಮೆರಾ, ಲೆನ್ಸಿಗೆ 830 ನ್ಯಾನೋಮೀಟರಿಗಿಂತ ಕೆಳಗಿನದನ್ನು ತಡೆಯುವ ಫಿಲ್ಟರ್, ಪೂರ್ತಿ ಕತ್ತಲ ಕೋಣೆ, ಎರಡು ಕಡೆ 45 ಡಿಗ್ರಿಯಲ್ಲಿ ಕೆಂಪು ಎಲ್‌ಇಡಿ, ಟ್ರೈಪಾಡ್, ಕೆಲವು ಸೆಕೆಂಡ್ ಎಕ್ಸ್‌ಪೋಷರ್. ಮಾಮೂಲಿ ಬೆಳಕಿನಲ್ಲಿ ಮಾಡಿದ ಫೋಕಸ್ ಇಲ್ಲಿ ತಪ್ಪುತ್ತದೆ. ಲೈವ್ ವ್ಯೂನಲ್ಲಿ, ಅಂದರೆ ಕ್ಯಾಮೆರಾದ ಪರದೆ ನೋಡುತ್ತಾ, ಮತ್ತೆ ಮಾಡಬೇಕು. ಹ್ಯಾಲೋಜನ್ ಬಲ್ಬು, ಬಿಸಿಲು ಎರಡೂ ಬೇಡ, ಅವುಗಳಲ್ಲೇ ಅವಕೆಂಪು ತುಂಬಿದೆ. ಪಕ್ಕದಲ್ಲಿ ಬಿಳಿ ಪರೀಕ್ಷಾ ಫಲಕ ಇಡಿ. ಅದು ಹೊಳೆದರೆ ನೀವು ಅಳೆದದ್ದು ದೀಪವನ್ನು, ಲಿಪಿಯನ್ನಲ್ಲ. ನಿಮ್ಮ ಖಳನಾಯಕನ ‘ಮಹಾಶೋಧ’ ಕುಸಿಯುವುದಕ್ಕೆ ಇದಕ್ಕಿಂತ ಒಳ್ಳೆಯ ಕಾರಣ ಸಿಗಲಾರದು.

ಕಥೆಕಟ್ಟು:
ಬಣ್ಣ ಉದುರಿಹೋದ ಅಕ್ಷರ? ಹಾಗೆಯೇ, ದೀಪ ಆರಿಸಿದ ಮೇಲೂ ಶಕ್ತಿ ಉಳಿಯುವಂತೆ ಮಾಡಬಹುದೇ?

ನೀಲಿಪುಡಿ:
ಗೀರಿನೊಳಗೆ ಬೆರಳೆಣಿಕೆಯ ಕಣ ಉಳಿದಿದ್ದರೂ ಚುಕ್ಕಿಯಾಗಿ ಕಾಣುತ್ತದೆ. ಲಾಜವರ್ದ, ಅಜುರೈಟ್‌ನಂಥ ಬೇರೆ ನೀಲಿ ಕಲ್ಲುಗಳ ಪುಡಿ ಹೀಗೆ ಹೊಳೆಯುವುದಿಲ್ಲ, ಹಾಗಾಗಿ ನಕಲಿ ತಿದ್ದುಪಡಿ ಕಪ್ಪಗೆ ಉಳಿಯುತ್ತದೆ. ಅಳತೆಗೆ ಹೊಸದಾಗಿ ಸುಟ್ಟ ನೀಲಿಯ ತುಂಡನ್ನು ಅದೇ ಚೌಕಟ್ಟಿನಲ್ಲಿಟ್ಟು 100 ಎಂದುಕೊಳ್ಳಿ, ಲಿಪಿಯದು ಅದರ ಶೇಕಡಾ ಎಷ್ಟು ಎಂದು ಬರೆಯಿರಿ. ದೀಪದ ದೂರ ಬದಲಾದರೆ ಹಳೆಯ ಅಂಕಿಗಳೆಲ್ಲ ವ್ಯರ್ಥ.

ದೀಪ ಆರಿಸಿದರೆ ಸುಮಾರು 100 ಮೈಕ್ರೋಸೆಕೆಂಡಿನಲ್ಲೇ ಮಂಕಾಗುತ್ತದೆ. ಕೂಡಿಟ್ಟ ಶಕ್ತಿ ಬೇಕಾದರೆ ಸ್ಫಟಿಕ ಶಿಲೆಯ (ಕ್ವಾರ್ಟ್ಜ್) ಕಣಕ್ಕೆ ಹೋಗಿ. ಸುತ್ತಲಿನ ಯುರೇನಿಯಂ, ಥೋರಿಯಂ, ಪೊಟ್ಯಾಸಿಯಂ ವಿಕಿರಣದಿಂದ ಅದರಲ್ಲಿ ಎಲೆಕ್ಟ್ರಾನ್‌ಗಳು ಸಿಕ್ಕಿಕೊಳ್ಳುತ್ತವೆ, ಕಾಯಿಸಿದರೆ ಬೆಳಕಾಗಿ ಹೊರಬರುತ್ತವೆ. 500 ಡಿಗ್ರಿಗೆ ಕಾಯಿಸಿದರೆ ಖಾಲಿ. ಓದಿದ ಕಣವನ್ನು ಮತ್ತೆ ಓದಲಾಗದು. ಈ ಮಿತಿಯನ್ನು ಖಂಡಿತ ಬಿಡಬೇಡಿ, ಕಥೆಯ ಬಿಗಿ ಇರುವುದೇ ಅಲ್ಲಿ.

ಗೋಡೆಬರಹ:
ಭೌತಶಾಸ್ತ್ರ ಸರಿಯಾಯಿತು. ಆದರೆ ಶಕ್ತಿ ಹೇಗೆ ನಡೆದುಕೊಳ್ಳುತ್ತದೆ ಎಂಬ ನಿಯಮವನ್ನು ಈಜಿಪ್ಟಿನವರೇ ಮಾಡಿಟ್ಟಿದ್ದಾರೆ, ಅದನ್ನು ಬಿಟ್ಟರೆ ಅನ್ಯಾಯ. ಸಕ್ಕಾರಾದಲ್ಲಿ ಉನಾಸ್ ದೊರೆಯ ಪಿರಮಿಡ್ಡಿನ ಒಳಗೋಡೆಗಳಲ್ಲಿ ಕೊರೆದ ಅಕ್ಷರಗಳಿಗೆ ನೀಲಿ ತುಂಬಿದ್ದಾರೆ. ಪಿರಮಿಡ್ ಮಂತ್ರಗಳಲ್ಲಿ ಇವೇ ಅತಿ ಹಳೆಯವು. ಮುಂದಿನ ದೊರೆಗಳ ಪಿರಮಿಡ್ಡುಗಳಲ್ಲಿ ಪ್ರಾಣಿಗಳ, ಮನುಷ್ಯರ ಚಿಹ್ನೆಗಳನ್ನು ಅರ್ಧಕ್ಕೆ ಕತ್ತರಿಸಿ ಬರೆದದ್ದೂ ಇದೆ, ಜೀವ ತಳೆದು ಸತ್ತವನನ್ನು ಕಾಡಬಾರದೆಂದು. ಅಂದರೆ ನಿಮ್ಮ ಶಾಸ್ತ್ರದಲ್ಲಿ ಪೂರ್ಣ ಚಿಹ್ನೆ ಅಪಾಯ, ತುಂಡು ಚಿಹ್ನೆ ಸುರಕ್ಷಿತ. ತುಂಡಾದ ಸಿಂಹದ ಚಿಹ್ನೆಯನ್ನು ಅಂಟಿಸಿ ದುರಸ್ತಿ ಮಾಡುವವನೇ ಅನಾಹುತಕ್ಕೆ ಕಾರಣನಾಗಲಿ.

ಶಕ್ತಿ ಸಾಗಿಸಲು ನೀರು. ಚೇಳು, ಹಾವು ಕಚ್ಚಿದವರಿಗೆ ಹೋರಸ್ ದೇವರ ಶಿಲಾಫಲಕಗಳ ಮಂತ್ರದ ಮೇಲೆ ನೀರು ಹರಿಸಿ ಕುಡಿಸುತ್ತಿದ್ದರು. ಕೈರೋ ಮ್ಯೂಸಿಯಮ್ಮಿನಲ್ಲಿರುವ ಜೆದ್‌ಹೋರ್ ಎಂಬವನ, ಮಂತ್ರ ಕೊರೆದ ಪ್ರತಿಮೆಯ ಪೀಠದಲ್ಲಿ ಆ ನೀರು ನಿಲ್ಲಲು ಗುಳಿಯೇ ಇದೆ. ಪಾತ್ರ ಅಳತೆ ತೆಗೆಯಬೇಕಾದದ್ದು ಗುಳಿಯ ನೀರಿನಲ್ಲಿ. ನೀರು ಹರಿದ ದಿನ ಅಕ್ಷರಗಳ ಅಂಕಿ ಎಷ್ಟು ಇಳಿಯಿತು ಎಂಬುದನ್ನೂ ಜೊತೆಗೇ ಬರೆದಿಟ್ಟುಕೊಳ್ಳಲಿ.